ಸೋಮವಾರದ ಐವತ್ತನಾಲ್ಕು ಡಾಲರ್

"ಬ್ರಾಮ್‌ವೆಲ್ ಹೋಲ್ಡಿಂಗ್ಸ್ ಅಂದ್ರೆ ಯಾರು ಅಂತಾನೇ ನಂಗೆ ಗೊತ್ತಿಲ್ಲಮ್ಮ," ಎಂದಳು ಗ್ಲೆನಿಸ್. ಸ್ಟೇಟ್‌ಮೆಂಟಿನ ಆ ಸಾಲಿನ ಮೇಲೆ ಇಟ್ಟ ಬೆರಳನ್ನು ತೆಗೆದಿರಲಿಲ್ಲ. ತೆಗೆದರೆ ಎಲ್ಲಿ ಓಡಿಹೋಗುತ್ತದೋ ಎಂಬಂತೆ. "ಐವತ್ತನಾಲ್ಕು ಡಾಲರ್. ಹದಿನಾಲ್ಕನೇ ತಾರೀಕು, ಸೋಮವಾರ. ಅವತ್ತು ಬೆಳಿಗ್ಗೆಯಿಂದ ಸಂಜೆವರೆಗೂ ನಾನು ಸ್ಕೂಲ್ ಬಸ್ ಓಡಿಸ್ತಿದ್ದೆ."

ಫೋನಿನ ಅತ್ತ ಕಡೆ ಬ್ಯಾಂಕಿನ ಹುಡುಗಿ ಕೀಬೋರ್ಡಿನಲ್ಲಿ ಏನೋ ಕುಟ್ಟಿದಳು. "ಒಂದ್ನಿಮಿಷ ಗ್ಲೆನಿಸ್... ಹಾಂ, ಸಿಕ್ತು. ಅದು ಕಂಪನಿ ಹೆಸರು. ಬೋರ್ಡ್ ಮೇಲಿನ ಹೆಸರು ಬೇರೆ. ಟರ್ಮಿನಸ್ ಪಬ್, ಹ್ಯಾರೋ ಬೇ. ನೆನಪಾಯ್ತಾ?"

"ಆಯ್ತು," ಎಂದಳು ಗ್ಲೆನಿಸ್.

ನೆನಪಾಗದೆ ಏನು. ಟರ್ಮಿನಸ್‌ನ ಹಿಂದಿನ ಕೋಣೆಯಲ್ಲಿ ಹದಿನೆಂಟು ಜೂಜಿನ ಯಂತ್ರಗಳಿವೆ. ಎಡಗಡೆಯಿಂದ ಮೂರನೆಯದರ ಎದುರು ಕೂತೇ ಅವಳ ಗಂಡ ಕೆಲ್ವಿನ್ ಎರಡು ವರ್ಷದಲ್ಲಿ ಸ್ವಂತ ದೋಣಿ ಕಳೆದುಕೊಂಡಿದ್ದ. ಈಗ ಬೇರೆಯವರ ಶೆಡ್ಡಿನಲ್ಲಿ, ತಿನ್ನುವ ಸಮುದ್ರದ ಸಿಂಪಿಗಳನ್ನು ಆರಿಸುವ ದಿನಗೂಲಿ. ಆ ಬಾಗಿಲು ತುಳಿಯುವುದಿಲ್ಲ ಎಂದು ಮಾತು ಕೊಟ್ಟು ಹದಿನಾರು ತಿಂಗಳಾಗಿತ್ತು. ಮಾರ್ಚಿನಲ್ಲಿ ಗ್ಲೆನಿಸ್ ತಾನಾಗಿಯೇ ಇಬ್ಬರ ಜಂಟಿ ಖಾತೆಯ ಅವನ ಕಾರ್ಡನ್ನು ಅವನ ಕೈಗೆ ವಾಪಸು ಕೊಟ್ಟಿದ್ದಳು. ಇನ್ನೊಂದು ಸಲ ಆದರೆ ಅಡಿಲೇಡಿಗೆ, ತಂಗಿಯ ಮನೆಗೆ ಹೊರಟೆ ಎಂದಷ್ಟೇ ಹೇಳಿದ್ದಳು. ಚಳಿಗಾಲದಲ್ಲಿ ಪಬ್ ಯಾರಿಗೋ ಮಾರಾಟವಾದದ್ದು ಊರಿಗೆಲ್ಲ ಗೊತ್ತಿತ್ತು. ಕೊಂಡವರ ಹೆಸರು ಮಾತ್ರ ಅವಳಿಗೆ ಈಗ ಗೊತ್ತಾಯಿತು.

ನಾಲ್ಕು ಗಂಟೆಗೆ ಕೆಲ್ವಿನ್ ಬಂದ. ಬೂಟನ್ನು ಹೊರಗೆ ಬಿಟ್ಟು, ಉಪ್ಪುನೀರಿನ ವಾಸನೆಯನ್ನು ಒಳಗೆ ತಂದು, ಕೆಟಲ್‌ನ ಸ್ವಿಚ್ ಒತ್ತಿದ.

"ಸೋಮವಾರ ಟರ್ಮಿನಸ್‌ಗೆ ಹೋಗಿದ್ಯಾ ಕೆಲ್?"

ದನಿ ಏರಿರಲಿಲ್ಲ. ಹಾಲು ತಂದೆಯಾ ಎಂದು ಕೇಳುವ ಹಾಗಿತ್ತು. ಮೇಜಿನ ಮೇಲೆ ತನಗೆ ತಲೆಕೆಳಗಾಗಿದ್ದ ಹಾಳೆಯನ್ನು ಕೆಲ್ವಿನ್ ನಿಂತಲ್ಲಿಂದಲೇ ಓದಿದ. ಆಮೇಲೆ ಅವಳ ಮುಖ ನೋಡಿದ. ಅದನ್ನು ಇನ್ನೂ ಹೆಚ್ಚು ಹೊತ್ತು ಓದಿದ.

"ಹೂಂ," ಎಂದ. "ಹೋಗಿದ್ದೆ."

ಇಲ್ಲ ಎನ್ನುತ್ತಾನೆ ಎಂದುಕೊಂಡು ಗ್ಲೆನಿಸ್ ಮಧ್ಯಾಹ್ನವಿಡೀ ಉತ್ತರಗಳನ್ನು ಸಿದ್ಧ ಮಾಡಿಕೊಂಡಿದ್ದಳು. ಹೌದು ಎಂದರೆ ಏನು ಹೇಳಬೇಕೆಂದು ಯೋಚಿಸಿರಲಿಲ್ಲ. ಅವನು ಜೇಬಿನಿಂದ ಕಾರ್ಡ್ ತೆಗೆದು ಮೇಜಿನ ಮೇಲಿಟ್ಟು ಹಿತ್ತಲಿಗೆ ಹೋದ. ಕೆಟಲ್ ಕುದಿದು ತಾನಾಗಿಯೇ ಆರಿತು. ಸಂಜೆ ಇಬ್ಬರೂ ಕುರಿಮಾಂಸದ ಚಾಪ್ಸ್ ತಿಂದರು, ಸುದ್ದಿ ನೋಡಿದರು. ಸುದ್ದಿ ಮುಗಿದ ಮೇಲೆ ಅವಳು ಬೀರುವಿನ ಮೇಲಿಂದ ಸೂಟ್‌ಕೇಸ್ ಇಳಿಸಿದಳು.

ಮಾರನೆಯ ದಿನ ಮಕ್ಕಳನ್ನು ಸ್ಕೂಲಿಗೆ ಇಳಿಸಿ, ಖಾಲಿ ಬಸ್ಸಿನಲ್ಲೇ ಕೂತು ಮತ್ತೆ ಬ್ಯಾಂಕಿಗೆ ಫೋನ್ ಮಾಡಿದಳು. ಈ ಸಲ ಗಂಡಸಿನ ದನಿ. ಕೆಲ್ವಿನ್ನನ ಕಾರ್ಡ್ ರದ್ದು ಮಾಡಬೇಕು ಎಂದಳು.

"ಕೊನೇ ನಂಬರು ಏಳು ಮೂರು ಒಂದು ಆರು. ಆಯ್ತು, ರದ್ದಾಯ್ತು," ಎಂದ ಅವನು. "ನಿನ್ನೆ ಬ್ರಾಮ್‌ವೆಲ್ ಬಗ್ಗೆ ಕೇಳಿದ್ರಿ ಅಂತ ಇಲ್ಲಿ ಬರ್ದಿದೆ. ಅದಕ್ಕೇ ರದ್ದು ಮಾಡಿಸ್ತಿರೋದಾ? ಅದು ಈ ಕಾರ್ಡಲ್ಲ. ಖಾತೆಯಲ್ಲಿ ಇನ್ನೊಂದಿದೆಯಲ್ಲ, ಎರಡು ಎರಡು ಸೊನ್ನೆ ಒಂಬತ್ತು, ಅದರಿಂದ ಹೋಗಿದೆ."

ಗ್ಲೆನಿಸ್ ಪರ್ಸಿನಿಂದ ತನ್ನ ಕಾರ್ಡ್ ತೆಗೆದಳು. ಅಂಕಿಗಳು ಸವೆದಿದ್ದವು. ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದಾಗ ಕಂಡವು: ಎರಡು, ಎರಡು, ಸೊನ್ನೆ, ಒಂಬತ್ತು.

"ಆದ್ರೆ ಸೋಮವಾರ ನಾನು..."

"ಸೋಮವಾರ ಅಂದ್ರೆ ದುಡ್ಡು ಖಾತೆಯಿಂದ ದಾಟಿದ ದಿನ. ಮಿಷನ್‌ಗೆ ಕಾರ್ಡ್ ಮುಟ್ಟಿಸಿದ್ದು ಶನಿವಾರ, ಹನ್ನೊಂದೂವರೆಗೆ."

ಶನಿವಾರ ಹನ್ನೊಂದೂವರೆಗೆ ಅವಳು ಊರಿನ ಹಾಲ್‌ನಲ್ಲಿದ್ದಳು. ಊರಿನ ಅಗ್ನಿಶಾಮಕ ದಳದವರು ಹೊಸ ನೀರಿನ ಪಂಪಿಗಾಗಿ ಪಾಸ್ಟಿ ಮಾರುತ್ತಿದ್ದ ದಿನ. ಹಿಟ್ಟಿನ ಕಣಕದೊಳಗೆ ಮಾಂಸ, ಆಲೂಗಡ್ಡೆ, ಟರ್ನಿಪ್ ಗೆಡ್ಡೆ ತುಂಬಿ ಮಡಚಿ ಬೇಯಿಸಿದ್ದು, ಒಂದಕ್ಕೆ ನಾಲ್ಕೂವರೆ ಡಾಲರ್. ಅವಳು ಹನ್ನೆರಡು ಕೊಂಡಿದ್ದಳು. ಪ್ರತಿ ವರ್ಷ ನೋಟು ಕೊಡುತ್ತಿದ್ದವಳು ಈ ಸಲ ಕಾರ್ಡ್ ಮುಟ್ಟಿಸಿದ್ದಳು.

ಬಸ್ಸನ್ನು ನೇರ ಬೆರಿಲ್ ಮನೆ ಮುಂದೆ ತಂದು ನಿಲ್ಲಿಸಿದಳು. ಪಾಸ್ಟಿಯ ಉಸ್ತುವಾರಿ ಇಪ್ಪತ್ತು ವರ್ಷದಿಂದ ಬೆರಿಲ್‌ಳದೇ.

"ಅಯ್ಯೋ, ನಿಂಗೂ ಬಂತಾ!" ಎಂದು ಬ್ರಾಮ್‌ವೆಲ್ ಹೆಸರು ಕೇಳುತ್ತಲೇ ಬೆರಿಲ್ ಗೇಟಿನಲ್ಲೇ ನಗತೊಡಗಿದಳು. "ಪಾದ್ರಿ ಹೆಂಡ್ತಿ ಬೆಳಿಗ್ಗೆನೇ ಫೋನ್ ಮಾಡಿ ಅತ್ಲು ಕಣೇ, ನಾನು ಪಬ್ ಮೆಟ್ಲು ಹತ್ತಿದವಳೇ ಅಲ್ಲ ಅಂತ. ಶನಿವಾರ ನಮ್ಮ ಕಾರ್ಡ್ ಮಿಷನ್ ಹಾಳಾದ್ದು ಬೆಳಿಗ್ಗೆ ಎದ್ದೇ ಇಲ್ಲ. ಟರ್ಮಿನಸ್‌ಗೆ ಹೋಗಿ ಅವರದ್ದು ಇಸ್ಕೊಂಡು ಬಂದೆ. ನಾನೂರು ಪಾಸ್ಟಿ ದುಡ್ಡು ಪಬ್ಬಿಗೆ ಹೋಯ್ತು, ಅವರು ನಮಗೆ ವಾಪಸ್ ಕೊಟ್ರು. ಹೇಳೋಕೇ ಮರ್ತೆ ನೋಡು. ಕೆಲ್‌ಗೆ ಹಿಡಿಸ್ತಾ? ಟರ್ನಿಪ್ ಒಂಚೂರು ಜಾಸ್ತಿ ಆಗಿತ್ತು."

"ಮೂರು ತಿಂದ," ಎಂದಳು ಗ್ಲೆನಿಸ್.

ಶೆಡ್ಡಿನಲ್ಲಿ ಕೆಲ್ವಿನ್ ಒಬ್ಬನೇ ಇದ್ದ. ಮಾಲೀಕನ ದೋಣಿ ಸಮುದ್ರಕ್ಕೆ ಹೋಗಿತ್ತು. ಸ್ಟೀಲ್ ಮೇಜಿನ ಮೇಲೆ ಒದ್ದೆ ಸಿಂಪಿಗಳ ರಾಶಿ. ಬಾಗಿಲಲ್ಲಿ ಬಸ್ಸು ನೋಡಿ ಅವನು ಕೈ ನಿಲ್ಲಿಸಿದ.

"ಪಾಸ್ಟಿ," ಎಂದಳು ಅವಳು.

"ಏನು?"

"ಆ ಐವತ್ತನಾಲ್ಕು. ಪಾಸ್ಟಿಗೆ ನಾನೇ ಕೊಟ್ಟಿದ್ದು. ಬೆರಿಲ್ ಪಬ್ಬಿನ ಕಾರ್ಡ್ ಮಿಷನ್ ತಂದಿದ್ಲಂತೆ."

ಅವನು ತಲೆಯಾಡಿಸಿದ. ನಿರಾಳವಾದಂತೆಯೂ ಕಾಣಲಿಲ್ಲ, ಸಿಟ್ಟು ಬಂದಂತೆಯೂ ಕಾಣಲಿಲ್ಲ.

"ಹೋಗಿದ್ದೆ ಅಂತ ಯಾಕಂದೆ ಕೆಲ್?"

"ಇಲ್ಲ ಅಂತ ನಿಂಗೆ ಎಷ್ಟು ಸಲ ಸುಳ್ಳು ಹೇಳಿದೀನಿ ಗ್ಲೆನ್. ದೋಣಿ ಮಾರಿದ ದಿನಾನೂ ಹೇಳಿದ್ದೆ. ಅದೇ ಮುಖ, ಅದೇ ದನಿ." ಗ್ಲೌಸಿನಿಂದ ಮೂಗು ಒರೆಸಿಕೊಂಡ. "ನಿಜವಾದ ಇಲ್ಲ ಹೇಳೋಕೆ ನನ್ ಹತ್ರ ಬೇರೆ ಮುಖ ಇಲ್ವಲ್ಲ."

"ಸೂಟ್‌ಕೇಸ್ ಇಳಿಸಿದ್ದೆ."

"ನೋಡ್ದೆ."

"ಕಾರ್ಡೂ ರದ್ದು ಮಾಡಿಸ್ಬಿಟ್ಟೆ. ಹೊಸದು ಬರೋಕೆ ಹತ್ತು ದಿನ."

"ಬರ್ಲಿ ಬಿಡು."

ಮಕ್ಕಳನ್ನು ಕರೆತರಲು ಇನ್ನೂ ಹೊತ್ತಿತ್ತು. ಅವಳು ಗೋಡೆಯ ಮೊಳೆಯಿಂದ ಒಂದು ಜೊತೆ ಗ್ಲೌಸ್ ತೆಗೆದು ಹಾಕಿಕೊಂಡು ಮೇಜಿನ ಇನ್ನೊಂದು ಬದಿಗೆ ನಿಂತಳು. ಅವನು ಎರಡು ಸಿಂಪಿಗಳನ್ನು ಒಂದಕ್ಕೊಂದು ತಟ್ಟಿ ತೋರಿಸಿದ. ಒಳಗೆ ಜೀವವಿದ್ದರೆ ಕಲ್ಲಿಗೆ ಕಲ್ಲು ತಾಗಿದ ಸದ್ದು, ಸತ್ತಿದ್ದರೆ ಟೊಳ್ಳು. ಅಷ್ಟೇ ಹೇಳಿ ತನ್ನ ರಾಶಿಗೆ ಮರಳಿದ. ಗ್ಲೆನಿಸ್ ತಟ್ಟಿದಳು, ಕೇಳಿದಳು, ಜೀವವಿದ್ದದ್ದನ್ನು ಬುಟ್ಟಿಗೆ ಹಾಕಿದಳು. ತಟ್ಟಿದಳು, ಕೇಳಿದಳು, ಟೊಳ್ಳಾದದ್ದನ್ನು ನೆಲದ ಬಕೆಟ್ಟಿಗೆ ಎಸೆದಳು. ಒಂದರಲ್ಲಿ ಮಾತ್ರ ಹೇಗೆ ತಟ್ಟಿದರೂ ಜೀವವಿದೆಯೋ ಇಲ್ಲವೋ ಗೊತ್ತಾಗಲಿಲ್ಲ. ಕಿವಿಯ ಹತ್ತಿರ ಹಿಡಿದು ಇನ್ನೊಮ್ಮೆ ತಟ್ಟಿದಳು. ಕೆಲ್ವಿನ್ ತಲೆಯೆತ್ತಲಿಲ್ಲ. ಅವಳು ಅದನ್ನು ಅಂಗೈಯಲ್ಲಿ ಸ್ವಲ್ಪ ಹೊತ್ತು ಇಟ್ಟುಕೊಂಡಿದ್ದು ಬುಟ್ಟಿಗೆ ಹಾಕಿದಳು.