ಕೊನೆಯ ಪುಟದ ಮೀನು

ಗೂಡಂಗಡಿಯ ಕ್ಲಿಪ್ಪಿಗೆ ಸಿಕ್ಕಿ ನೇತಾಡುತ್ತಿರುವ ಆ ಕಾದಂಬರಿಯ ಮುಖಪುಟದ ಹೆಣ್ಣಿಗೆ ಕುತ್ತಿಗೆಯೇ ಇಲ್ಲ, ಚಿತ್ರಗಾರ ಈ ಸಲವೂ ಕುಡಿದೇ ಕೂತಿದ್ದಿರಬೇಕು, ಕೆಳಗೆ ಕೆಂಪಕ್ಷರದಲ್ಲಿ ಬರೆದವಳ ಹೆಸರು, ಡೋರಿಸ್ ಕೆಲ್ವೆ, ಅದು ತಾನೇ, ಈ ಒಬ್ದುಲಿಯಾಳೇ, ಬಾರ್ಸಿಲೋನಾದ ಎಲ್ಲೆ ದಾಟದವಳಿಗೆ ಇಂಗ್ಲಿಷ್ ಹೆಸರು, ಅದೂ ಸ್ವಂತದ್ದಲ್ಲ, ಹೆಸರು ಕಂಪನಿಯದು ಕಣಮ್ಮಾ, ನೀವು ಎದ್ದುಹೋದ್ರೆ ಕುರ್ಚಿ ಬಿಸಿ ಆರೋಕೆ ಮುಂಚೆ ಇನ್ನೊಬ್ಬಳು ಡೋರಿಸ್ ಆಗ್ತಾಳೆ — ಸಂಪಾದಕ ಬಸ್ತೀದಾ, ಹಾಳಾದವನು, ಕೆಂಪು ಪೆನ್ಸಿಲಿನಿಂದ ಕಿವಿ ಕೆರೆದುಕೊಳ್ಳುತ್ತ ಸೂತ್ರ ಒಪ್ಪಿಸುತ್ತಾನೆ, ಮೊದಲ ಪುಟದಲ್ಲಿ ಡಿಕ್ಕಿ, ಹಡಗಿನ ಮೆಟ್ಟಿಲಾದರೂ ಸರಿ ಆಸ್ಪತ್ರೆಯ ಪಡಸಾಲೆಯಾದರೂ ಸರಿ, ನಾಯಕನ ಕಿವಿಯ ಪಕ್ಕ ತುಸು ನರೆ, ಕಥೆ ಜೋತುಬಿದ್ದರೆ ನಾಯಕಿಗೆ ಜ್ವರ, ಹಸಿರು ಕಣ್ಣಿನ ಇನ್ನೊಬ್ಬಳು, ಅವನು ನಾಯಕಿಯ ಮೇಲೆ ಕೈಯೆತ್ತಿದರೆ ಎತ್ತಲಿ, ಕೊನೆಯ ಪುಟದಲ್ಲಿ ಮಂಡಿಯೂರಿ ಅತ್ತರಾಯಿತು, ಅವಳು ವಾಪಸು ಬಂದರಾಯಿತು. ಗಂಡ ಅಳ್ಬೇಕು, ಅದನ್ನ ನೋಡೋಕೇ ಹೆಂಗಸರು ದುಡ್ಡು ಕೊಡೋದು. ಅಂಥ ಗಂಡಸರನ್ನು ಎಷ್ಟು ಜನರನ್ನು ಅಳಿಸಿದ್ದಾಳೋ ಅವಳಿಗೇ ನೆನಪಿಲ್ಲ, ಬೆಳಗಿನ ಕಾಫಿ ಆರುವುದರೊಳಗೆ ಒಬ್ಬನನ್ನು ಅಳಿಸಬಲ್ಲಳು, ಸ್ಪೇನಿನ ಯಾವ ಮನೆಯಲ್ಲಿ ಅಂಥವನಿದ್ದಾನೋ ದೇವರೇ ಬಲ್ಲ.

ಏನ್ರೀ, ಬರೀ ಕೊನೇ ಪುಟಾನೇ ಓದ್ತೀರಲ್ಲ ಎಂದು ಗೂಡಂಗಡಿಯ ತೊಮಾಸಾ ರೇಗುತ್ತಾಳೆ, ರೇಗಲಿ, ಒಬ್ದುಲಿಯಾ ಓದುತ್ತಿಲ್ಲ, ಮೀನು ಹುಡುಕುತ್ತಿದ್ದಾಳೆ — ಓದಿದ್ದನ್ನು ತಂದುಕೊಟ್ಟು, ಮೇಲೊಂದು ಚಿಲ್ಲರೆ ಕಾಸಿಟ್ಟು ಇನ್ನೊಂದನ್ನು ಒಯ್ಯುವ ಅಂಗಡಿ ಇದು, ಹೆಸರುಗಳೂ ಒಂದೇ ಥರ, ಕಥೆಗಳೂ ಒಂದೇ ಥರ, ಓದಿದ್ದೇ ಮತ್ತೆ ಕೈಗೆ ಬರಬಾರದೆಂದು ಒಬ್ಬೊಬ್ಬಳೂ ಕೊನೆಯ ಪುಟದಲ್ಲಿ ತನ್ನ ಗುರುತು ಹಾಕುತ್ತಾಳೆ, ಒಬ್ಬಳದು ಶಿಲುಬೆ, ಒಬ್ಬಳದು ಸೊನ್ನೆ, ತಂಗಿ ಕಸಿಲ್ದಾಳದು ಮೀನು, ಪುಸ್ತಕದ ಹೊಲಿಗೆಗೆ ಒತ್ತಿಕೊಂಡು, ಪೆನ್ಸಿಲ್ ಎತ್ತದೆ ಒಂದೇ ಗೆರೆಯಲ್ಲಿ, ಶಾಲೆಯ ಬೆಂಚಿನ ಮೇಲೂ ಹಾಗೇ ಬರೆದು ಏಟು ತಿಂದಿದ್ದಳು. ಡೋರಿಸ್ ಯಾರೆಂದು ಕಸಿಲ್ದಾಗೆ ಗೊತ್ತಿಲ್ಲ. ಹೇಳಲು ಅಕ್ಕನಿಗೆ ನಾಚಿಕೆ. ಒಮ್ಮೆ ಕಸಿಲ್ದಾ ಒಡೆದ ತುಟಿ ಹೊತ್ತು ಅಕ್ಕನ ಮನೆಗೆ ಬಂದಿದ್ದಳು, ಬಾಯಿಯ ಒಂದೇ ಪಕ್ಕದಿಂದ ಸಾರು ಹೀರುತ್ತ, ಇಲ್ಲೇ ಇರೇ ಎಂದರೆ ನಕ್ಕಳು, ನಗಲೂ ಆಗದೆ ತುಟಿ ಹಿಡಿದುಕೊಂಡಳು, ಎಂಥಾ ಗಂಡಸಾದ್ರೂ ಕೊನೆಗೆ ಅಳ್ತಾನೆ ಕಣೇ ಅಕ್ಕಾ, ನೀನೂ ಡೋರಿಸ್ ಕೆಲ್ವೆ ಓದಿದ್ದಿದ್ರೆ ಗೊತ್ತಾಗಿರೋದು. ಹೊರಟೇಹೋದಳು, ಗಂಡನೆನಿಸಿಕೊಂಡ ಆ ಎವರಿಸ್ತೋನ ಮನೆಗೆ, ಅವನ ಕೈಗೆ.

ಅದಕ್ಕೇ ಮುಂದಿನ ಪುಸ್ತಕದ ಕೊನೆಯನ್ನು ಬೇರೆ ಥರ ಬರೆದಿದ್ದು, ಸೂತ್ರಕ್ಕೆ ಬೆಂಕಿಯಿಟ್ಟು, ಅವನು ಅಳುವುದಿಲ್ಲ, ಅವಳು ರೈಲು ಹತ್ತುತ್ತಾಳೆ, ಯಾರಿಗೂ ಹೇಳದೆ, ಅಕ್ಕನಿಗೂ ಹೇಳದೆ, ಗೊತ್ತಿದ್ದವರ ಬಾಯಿ ಬಿಡಿಸಿಬಿಡುತ್ತಾನಲ್ಲ ಅವನು — ಬಸ್ತೀದಾ ಹೊಟ್ಟೆ ಹಿಡಿದು ನಕ್ಕ, ಹೆಂಡತಿ ಗಂಡನ್ನ ಬಿಟ್ಟುಹೋದ್ರೆ ಸೆನ್ಸಾರಿನ ಪಾದ್ರಿ ನಿಮ್ಮನ್ನೂ ನನ್ನನ್ನೂ ಒಂದೇ ಬಾಣಲೇಲಿ ಹುರೀತಾನೆ, ಇರಲಿ, ಕೊನೇ ಪುಟ ನಾನೇ ಬರ್ಕೋತೀನಿ, ಬರೆದುಕೊಂಡ, ನಾಯಕನನ್ನು ಅಳಿಸಿದ, ನಾಯಕಿಯನ್ನು ವಾಪಸು ತಂದ, ಅಚ್ಚಾಯಿತು. ಒಬ್ದುಲಿಯಾ ಒಂದೇ ಒಂದು ಪ್ರತಿ ಕೊಂಡು, ಅವನ ಪುಟವನ್ನು ಬ್ಲೇಡಿನಲ್ಲಿ ಕತ್ತರಿಸಿ ಒಲೆಗೆ ಹಾಕಿ, ತನ್ನದನ್ನು ಟೈಪು ಮಾಡಿ ಅಲ್ಲಿ ಅಂಟಿಸಿ, ಇದು ಕಸಿಲ್ದಾಗೇ ಹೋಗ್ಲಿ ಎಂದು ತೊಮಾಸಾಳ ಕೈಗಿಟ್ಟಳು. ಕಸಿಲ್ದಾ ಒಯ್ದಿದ್ದಾಳೆ. ತಂದುಕೊಟ್ಟಿಲ್ಲ, ಆಮೇಲೆ ಬೇರೆ ಯಾವುದನ್ನಾದರೂ ಓದಿ ಮರಳಿಸಿದ್ದಾಳೋ ಎಂದು ಹುಡುಕುತ್ತಿರುವುದು. ಮೀನಿಲ್ಲ, ಇದರಲ್ಲೂ ಇಲ್ಲ, ಇದರಲ್ಲೂ — ಕಟ್ಟೆಯ ಮೇಲೆ ಪಟ್ಟೆಂದು ಒಂದು ಪುಸ್ತಕ ಬೀಳುತ್ತದೆ, ಹೆಂಡದ ವಾಸನೆ, ಎವರಿಸ್ತೋ, ಓಹೋ ನೀನೂ ಇಲ್ಲೇ ಇದೀಯ, ಎಲ್ಲಿ ಬಚ್ಚಿಟ್ಟಿದೀಯ ಅವಳನ್ನ, ಸೋಮವಾರದಿಂದ ಇಲ್ಲ, ಪೆಟ್ಟಿಗೇನೂ ಇಲ್ಲ, ಹಾಸಿಗೆ ಮೇಲೆ ಈ ಕಸ ಬಿದ್ದಿತ್ತು. ನಂಗೊತ್ತಿಲ್ಲ ಎನ್ನುತ್ತಾಳೆ. ಸುಳ್ಳಲ್ಲ, ನಿಜಕ್ಕೂ ಗೊತ್ತಿಲ್ಲ, ಯಾವ ರೈಲು, ಯಾವ ಊರು, ಊಟ ಮಾಡಿದ್ದಾಳೋ ಇಲ್ಲವೋ, ಅಕ್ಕನಿಗೂ ಹೇಳದೆ ಎಂದು ಬರೆದ ಕೈಯನ್ನು ಕಚ್ಚಿಕೊಳ್ಳಬೇಕೆನಿಸುತ್ತದೆ. ಅವನ ಕಣ್ಣು ನೋಡುತ್ತಾಳೆ. ಒಣಗಿವೆ. ಅವನಾಗಲೇ ತೊಮಾಸಾಳ ಕಡೆ ತಿರುಗಿದ್ದಾನೆ, ಇದನ್ನಿಟ್ಕೊಂಡು ಒಂದು ಕೌಬಾಯ್ ಕಥೆ ಕೊಡು, ಗುಂಡು ಹಾರಿಸೋದು ಜಾಸ್ತಿ ಇರ್ಲಿ.

ಅವನು ಹೋಗಲಿ ಎಂದು ಕಾಯುತ್ತಾಳೆ, ಹೋದ, ಪುಸ್ತಕ ಎತ್ತಿಕೊಳ್ಳುತ್ತಾಳೆ, ಹಿಂದಿನಿಂದ ತೆರೆಯುತ್ತಾಳೆ, ತಾನು ಅಂಟಿಸಿದ ಹಾಳೆ ಇಲ್ಲ, ಕಸಿಲ್ದಾ ಜೋಪಾನವಾಗಿ ಹರಿದುಕೊಂಡು ಒಯ್ದಿದ್ದಾಳೆ, ಹೊಲಿಗೆಯ ಬಳಿ ಅಂಟಿನ ಜೊತೆ ಉಳಿದ ಬೆರಳಗಲದ ಚೂರು, ಅದರ ಮೇಲೆ ಪೆನ್ಸಿಲಿನ ಗೆರೆ, ಒಂದೇ ಗೆರೆ, ಬಾಲ, ಮೀನಿನ ಬಾಲ, ಉಳಿದದ್ದು ಹಾಳೆಯ ಜೊತೆ ಹೋಗಿದೆ, ಬಾಲ ಇದೆ, ಮೀನಿಲ್ಲ, ಬಾಲ ಮಾತ್ರ ಇದೆ, ಮೀನಿಲ್ಲ