ಚೌಕಟ್ಟಿನ ಹೊರಗೆ ನಿಂತ ಕನ್ನಡಿ

ನಾನು ಒಂದು ಕನ್ನಡಿ. ಹುಬ್ಬಳ್ಳಿಯ ಗಾಜಿನ ಅಂಗಡಿಯೊಂದರಲ್ಲಿ ಬೆನ್ನಿಗೆ ಪಾದರಸ ಬಳಿಸಿಕೊಂಡು, ಸಾಗುವಾನಿ ಕಟ್ಟು ತೊಟ್ಟು ಹುಟ್ಟಿದೆ. ಶಿವಲೀಲಾಳ ಮದುವೆಗೆ ಅವಳ ಸೋದರತ್ತೆ ಕೊಟ್ಟ ಉಡುಗೊರೆ ನಾನು. ಇಳಕಲ್ ಸೀರೆಗಳ ನಡುವೆ ಮಲಗಿಕೊಂಡು ಅವಳ ಜೊತೆ ಅಮೆರಿಕಕ್ಕೆ ಬಂದೆ. ಅವಳ ಕುಂಕುಮ ನೆಟ್ಟಗಿದೆಯೋ ಇಲ್ಲವೋ ಹೇಳುತ್ತ ಕೆಲಕಾಲ ರಾಣಿಯ ಹಾಗೆ ಬಾಳಿದೆ.

ಆ ಸುಖಕ್ಕೆ ಕಲ್ಲು ಹಾಕಿದವನು ಅವಳ ಗಂಡ ಇಂದುಧರ. ಅವನು ಸಾಕ್ಷ್ಯಚಿತ್ರ ಮಾಡುವವನು, ಅದೂ ಅಮೆರಿಕ ಇನ್ನೂ ದೇಶವೇ ಆಗಿರದ ಕಾಲದ ಜನರ ಬಗ್ಗೆ. ಅವರ ಸಮಾಧಿಗಲ್ಲುಗಳ ಅಕ್ಷರಗಳು ಸವೆದುಹೋಗಿವೆ. ಪಕ್ಕದಿಂದ ಓರೆಯಾಗಿ ಬಿಸಿಲು ಬಿದ್ದರೆ ಮಾತ್ರ ಎದ್ದು ಕಾಣುತ್ತವೆ. ಬಿಸಿಲನ್ನು ಹಾಗೆ ತಿರುಗಿಸಲು ಕನ್ನಡಿ ಬೇಕು. ಒಂದು ದಿನ ನನ್ನನ್ನು ಗೋಡೆಯಿಂದ ಇಳಿಸಿಯೇ ಬಿಟ್ಟ.

ಅವನ ಕ್ಯಾಮೆರಾಗೆ ಮಖಮಲ್ಲಿನ ಚೀಲ. ನನಗೆ ಹಳೇ ಟವೆಲ್ಲು, ಕಾರಿನ ಡಿಕ್ಕಿಯಲ್ಲಿ ಸ್ಟೆಪ್ನಿ ಪಕ್ಕದ ಜಾಗ. ಕ್ಯಾಮೆರಾದ ಕಣ್ಣಿಗೆ ಧೂಳು ಬಿದ್ದರೆ ಉಸಿರು ಬಿಗಿಹಿಡಿದು ಒರೆಸುತ್ತಿದ್ದ. ನನ್ನ ಮೇಲೆ ಹಕ್ಕಿ ಹಿಕ್ಕೆ ಹಾಕಿದರೂ ಕೇಳುವವರಿಲ್ಲ. ಬೆಳಕು ಕೊಡುವವಳು ನಾನು, ಹೊಗಳಿಸಿಕೊಳ್ಳುವುದು ಅದು! "ಕನ್ನಡಿ ಕಾಣಬಾರ್ದು!" ಎಂದು ಅವನು ಕೂಗಿದಾಗಲೆಲ್ಲ ಹೊಟ್ಟೆಕಿಚ್ಚಿನಿಂದ ಬೆಂದುಹೋಗುತ್ತಿದ್ದೆ. ಆ ಕ್ಯಾಮೆರಾ ಒಮ್ಮೆ ಕೆಳಗೆ ಬೀಳಬಾರದೇ ಅಂತ ಬೇಡಿಕೊಂಡದ್ದೂ ಉಂಟು. ನನ್ನನ್ನು ಎತ್ತಿ ಹಿಡಿದು ನಿಲ್ಲುತ್ತಿದ್ದವಳು ಶಿವಲೀಲಾ. ಅವಳೂ ಯಾವ ಚಿತ್ರದಲ್ಲೂ ಕಂಡಿರಲಿಲ್ಲ.

ಒಮ್ಮೆ ಚರ್ಚಿನ ಹಿಂದಿನ ಒಂದು ಕಲ್ಲಿನ ಮುಂದೆ ನಿಂತಿದ್ದೆವು. 'ಇಂಥವನ ಹೆಂಡತಿ' ಎಂಬುದಷ್ಟೇ ಓದಲು ಬರುತ್ತಿತ್ತು. ಅವಳ ಹೆಸರು ಸಿಗದೆ ಇಂದುಧರನ ಚಿತ್ರ ಮುಗಿಯುವಂತಿರಲಿಲ್ಲ.

"ಸ್ವಲ್ಪ ಎಡಕ್ಕ ವಾಲಿಸು. ಹಾಂ, ಹಂಗs ಹಿಡಿ!"

ಹೆಸರು ಮೂಡಿತು. ಪೇಷನ್ಸ್, ಅಂದರೆ ಸಹನೆ. ಇಂದುಧರನ ಕಣ್ಣು ತುಂಬಿದವು. "ಪಾಪ, ಇಷ್ಟು ವರ್ಷ ಆಕಿ ಹೆಸರು ಯಾರಿಗೂ ಗೊತ್ತಿರಲಿಲ್ಲ ನೋಡು."

"ನಿಮ್ಮ ಸಿನಿಮಾದಾಗ ನನ್ನ ಹೆಸರು ಎಲ್ಲೈತ್ರೀ?" ಎಂದಳು ಶಿವಲೀಲಾ.

"ಮನ್ಯಾಗಿನವರಿಗೆ ಯಾರರ ಥ್ಯಾಂಕ್ಸ್ ಹೇಳ್ತಾರೇನs?"

 ಅವಳು ನನ್ನನ್ನು ಸರಕ್ಕನೆ ಅವನತ್ತ ತಿರುಗಿಸಿದಳು. ಬಿಸಿಲೆಲ್ಲ ಕ್ಯಾಮೆರಾದ ಕಣ್ಣಿಗೇ ಹೊಡೆಯಿತು. ಆಹಾ, ನನ್ನ ಹೊಟ್ಟೆ ತಣ್ಣಗಾಯಿತು! "ಏ, ಶಾಟ್ ಹಾಳಾತು!" ಎಂದು ಚೀರಿದವನು, ಅವಳ ಮುಖ ನೋಡಿ ಕ್ಯಾಮೆರಾವನ್ನು ನಿಲ್ಲಿಸದೆ ಹಾಗೇ ಬಿಟ್ಟ.

ಹಾಳಾದ ಆ ಶಾಟನ್ನು ಅವನು ಎಸೆಯಲಿಲ್ಲ. ಚಿತ್ರ ಮುಗಿಯುವುದೇ ಅದರಿಂದ. ಪೇಷನ್ಸ್ ಎಂಬ ಹೆಸರು, ಒಂದು ಝಳಪು, ನನ್ನನ್ನು ಎದೆಗವಚಿಕೊಂಡು ನಿಂತ ಶಿವಲೀಲಾ, ಕೆಳಗೆ ಅವಳ ಹೆಸರು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರಂತೆ. ಕೊನೆಗೂ ಪರದೆಯ ಮೇಲೆ ನಾನೂ ಬಂದಿದ್ದೆ. ಆದರೆ ನನ್ನೊಳಗೆ ಕಂಡದ್ದೇನು? ಮೂರು ಕಾಲಿನ ಮೇಲೆ ಸೆಟೆದು ನಿಂತ ಆ ಹಾಳು ಕ್ಯಾಮೆರಾ!

ಈಗ ನನ್ನ ರಸ ಅಲ್ಲಲ್ಲಿ ಕಿತ್ತುಹೋಗಿದೆ. ಕ್ಯಾಮೆರಾ ಕೆಟ್ಟು ಶೋಕೇಸು ಸೇರಿದೆ. ನನ್ನನ್ನು ಮತ್ತೆ ಗೋಡೆಗೆ ಹಾಕಿದ್ದಾರೆ, ಸರಿಯಾಗಿ ಅದರ ಎದುರಿಗೇ. ದಿನವಿಡೀ ಅದರ ಬಿಂಬವನ್ನೇ ಹೊತ್ತುಕೊಂಡಿರಬೇಕು. ಬೆಳಿಗ್ಗೆ ಶಿವಲೀಲಾ ಬಂದು ನಮ್ಮಿಬ್ಬರ ನಡುವೆ ನಿಂತು ಕುಂಕುಮ ಇಟ್ಟುಕೊಳ್ಳುತ್ತಾಳೆ. ಅಷ್ಟು ಹೊತ್ತು ಮಾತ್ರ ನನ್ನೊಳಗೆ ಕ್ಯಾಮೆರಾ ಇರುವುದಿಲ್ಲ, ಅವಳೊಬ್ಬಳೇ ಇರುತ್ತಾಳೆ.