ಐದನೆಯ ಗಿಡದ ಬುಡ

ಚಿಂಚೋಳಿಯ ಕಾಡಂಚಿನಲ್ಲಿ ನಮ್ಮದು ನಾಲ್ಕು ಎಕರೆ ಇತ್ತು. ಉಳುವ ಹೊಲವಲ್ಲ, ಕಾಡೇ. ಯಜಮಾನರು ತೀರಿಕೊಂಡ ಮೇಲೆ ಪಟ್ಟಾ ನನ್ನ ಹೆಸರಿಗೆ ಬಂತು. ಗಿಡಗಳು ನಮ್ಮವೇ ಆದರೂ ಅಪ್ಪಣೆಯಿಲ್ಲದೆ ಒಂದನ್ನೂ ಕಡಿಯುವಂತಿರಲಿಲ್ಲ. ಎಪ್ಪತ್ತೊಂಬತ್ತರ ಬೇಸಿಗೆಯಲ್ಲಿ ನಡುಮನೆಯ ಮಾಳಿಗೆಯ ತೊಲೆಗಳು ಬಾಗಿದಾಗ ಅರ್ಜಿ ಕೊಟ್ಟೆ. ನಾನು ಕಲಿಸುತ್ತಿದ್ದ ಶಾಲೆಗೆ ಮೂರು ದಿನ ರಜೆ ಹಾಕಿ ಓಡಾಡಿದ ಮೇಲೆ ಐದು ಸಾಗವಾನಿ ಕಡಿಯಲು ಒಪ್ಪಿಗೆ ಸಿಕ್ಕಿತು. ಫಾರೆಸ್ಟರ್ ಮಡಿವಾಳಯ್ಯನವರು ಬಂದು, ಐದೂ ಗಿಡಗಳ ಬುಡದಲ್ಲಿ ತೊಗಟೆ ಕೆತ್ತಿ, ಸುತ್ತಿಗೆಯಿಂದ ಮುದ್ರೆ ಹೊಡೆದರು.

"ಬಾಯಾರ, ಮುದ್ರಿ ಮ್ಯಾಲೆ ಕಡಸ್ರಿ. ಬುಡದಾಗ ಮುದ್ರಿ ಉಳೀಬೇಕು. ಇಲ್ಲಂದ್ರ ಕಳವಿನ ಗಿಡ ಅಂತ ಕೇಸ್ ಬರೀಬೇಕಾಗ್ತದ."

ಕಡಿಯಲು ಒಪ್ಪಿದವರು ಅಲ್ಲಾವುದ್ದೀನ ಚಾಚಾ. ನಾಲ್ಕನೆಯ ದಿನ ಸಂಜೆ ಅವರು ನಮ್ಮ ಬಾಗಿಲಲ್ಲಿ ಬಂದು ನಿಂತರು. ಕೂರಲು ಹೇಳಿದರೂ ಕೂರಲಿಲ್ಲ.

"ಬಾಯಾರ, ನನ್ನ ಕೈಲೆ ತಪ್ಪಾಗ್ಯದ. ನಿಮ್ಮ ನಡುಮನಿ ಹನ್ನೆರಡು ಮೊಳ. ಐದನೇ ಗಿಡ ಒಂದು ಗೇಣು ಕಮ್ಮಿ ಬೀಳ್ತಿತ್ತು. ಅದಕ್ಕ ನೆಲಕ್ಕ ಹತ್ತಿ ಕಡದೆ. ಮುದ್ರಿ ಕಟಗಿ ಸಂಗಟ ಬಂತು. ಬರ್ಲಿ, ಹಂಗೇ ತೋರಸಮು ಅಂದ್ಕೊಂಡೆ. ತೊಲಿ ಚೌಕ ಮಾಡೋ ಮುಂದ ಹಾಳಾದ ಕೈ ಅದನ್ನೂ ಕೆತ್ತಿ ಒಗದದ."

ಆರು ವರ್ಷಗಳ ಹಿಂದೆ ಯಾರದೋ ಕಟ್ಟಿಗೆ ಸಾಗಿಸಿ ಚಾಚಾ ಒಮ್ಮೆ ಸಿಕ್ಕಿಬಿದ್ದಿದ್ದರು. ಇನ್ನೊಂದು ಸಲ ಹೆಸರು ಬಂದರೆ ಜೈಲೇ ಎಂದು ಅರಣ್ಯ ಇಲಾಖೆಯವರು ಆಗಲೇ ಎಚ್ಚರಿಸಿ ಬಿಟ್ಟಿದ್ದರಂತೆ. ಫಾರೆಸ್ಟರ್ ಬುಡ ನೋಡಲು ಬರುವುದು ಮರುದಿನ ಬೆಳಿಗ್ಗೆ.

"ಚಕ್ಕಿ ಎಲ್ಲವ ಚಾಚಾ?"

"ಬಸ್ಸಮ್ಮ ಒಯ್ದಾಳ."

ತೊಲೆ ಕೆತ್ತಿದ ಚಕ್ಕೆಗಳನ್ನು ಕಡಿದವರು ಮನೆಗೆ ಒಯ್ಯುವುದಿಲ್ಲ. ಮೊದಲು ಬಂದ ಹೆಂಗಸಿನ ಬುಟ್ಟಿಗೆ, ಅವಳ ಒಲೆಗೆ ಅವು; ಈ ಸಲ ಬಂದವಳು ನಮ್ಮೂರಿನ ಬಸ್ಸಮ್ಮ. ಚಾಚಾ ಎಂದೂ ಆ ಪದ್ಧತಿ ಮುರಿದವರಲ್ಲ. ಊರ ಮನೆಗಳಿಂದ ಆಗಲೇ ಹೊಗೆ ಏಳುತ್ತಿತ್ತು. ಸೆರಗು ಸಿಕ್ಕಿಸಿಕೊಂಡು ನಾನು ಬಹುತೇಕ ಓಡಿದೆ, ಹಿಂದೆಯೇ ಚಾಚಾ.

ಬಸ್ಸಮ್ಮ ರೊಟ್ಟಿ ಬಡಿಯುತ್ತಿದ್ದಳು. "ಏನ್ ಬಾಯಾರ, ಹುಡುಗ್ರ ಪರೀಕ್ಷಾ ಬಿಟ್ಟು ನಮ್ಮ ಒಲಿ ಪರೀಕ್ಷಾ ಮಾಡ್ಲಿಕ ಬಂದೀರೇನ್ರಿ?" ಎಂದು ನಕ್ಕಳು.

ನಾನು ಏದುಸಿರಿನಲ್ಲೇ ವಿಷಯ ಹೇಳಿದೆ. ಅವಳು ಅರ್ಧ ಬೆಂದ ರೊಟ್ಟಿಯ ಸಮೇತ ಹಂಚು ಇಳಿಸಿ, ಕೊಡದ ನೀರನ್ನು ಉರಿಯುವ ಒಲೆಗೆ ಸುರಿದಳು. ಬುಟ್ಟಿಯನ್ನು ಅಂಗಳದಲ್ಲಿ ಬೋರಲು ಹಾಕಿದಳು. ಮೂವರೂ ಕುಕ್ಕರುಗಾಲಿನಲ್ಲಿ ಕೂತು ಒಂದೊಂದೇ ಚಕ್ಕೆ ತಿರುವಿದೆವು. ಅಲ್ಲಿ ಇರಲಿಲ್ಲ. ಒಲೆಯ ಕಪ್ಪು ಕೆಸರಿನಲ್ಲಿ ಕೈಯಾಡಿಸಿದವಳು ಬಸ್ಸಮ್ಮನೇ. ಅವಳ ಕೈಗೆ ಸಿಕ್ಕ ಚಕ್ಕೆಯ ಒಂದು ಅಂಚು ಸುಟ್ಟಿತ್ತು, ಮುದ್ರೆ ಅರ್ಧ ಉಳಿದಿತ್ತು.

"ಮಕ್ಕಳ ಊಟ?" ಎಂದೆ.

"ಮುಂಜಾನಿ ರೊಟ್ಟಿ ಅವ, ತಿಂತಾವ. ನೀವು ಹೋಗ್ರಿ."

ಬೆಳಿಗ್ಗೆ ಮಡಿವಾಳಯ್ಯನವರು ನಾಲ್ಕು ಬುಡ ನೋಡಿ ತಲೆಯಾಡಿಸಿದರು. ಐದನೆಯದರ ಮುಂದೆ ನಿಂತರು. ನಾನು ಚಕ್ಕೆ ಕೊಟ್ಟೆ. ಅದನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದರು.

"ಮುದ್ರಿ ನಂದೇ. ಆದ್ರ ಬಾಯಾರ, ಕಾನೂನು ಬುಡ ಕೇಳ್ತದ, ಚಕ್ಕಿ ಕೇಳಲ್ಲ. ನಾಳಿ ಇಂಥ ಚಕ್ಕಿ ಹಿಡ್ಕೊಂಡು ಊರೆಲ್ಲ ಬರ್ತದ. ಬರೀದೇ ಬಿಡ್ಲಿಕ ಆಗಲ್ಲ." ಕಾಗದ ತೆಗೆದರು. "ಹೇಳ್ರಿ. ಮಾಲಕರು ಹೇಳಿ ಕಡಸಿದ್ರೋ, ಕಡಿಯವ ತನ್ನ ಮನಸ್ಸಿಗೆ ಬಂದ್ಹಂಗ ಕಡದನೋ?"

ಆ ಗಿಡ ಬೀಳುವಾಗ ನಾನು ಶಾಲೆಯಲ್ಲಿ ಮಗ್ಗಿ ಹೇಳಿಸುತ್ತಿದ್ದೆ. ಸರ್ಕಾರಿ ನೌಕರಿಯವಳ ಮೇಲೆ ಕೇಸಾದರೆ ಏನಾಗುತ್ತದೆ ಎಂಬುದೂ ನನಗೆ ಗೊತ್ತಿತ್ತು.

"ನಾನೇ ಹೇಳಿ ಕಡಸೀನ್ರಿ," ಎಂದೆ.

"ಇಲ್ರಿ ಸಾಹೇಬ್ರ, ಬಾಯಾರು ಸುಳ್ಳ..." ಚಾಚಾ ಮುಂದೆ ಬಂದರು.

ಮಡಿವಾಳಯ್ಯನವರು ತಲೆಯೆತ್ತಲಿಲ್ಲ. "ಚಾಚಾ, ಭಾಳ ನೀರಡಸ್ಯದ. ಹಳ್ಳದ ವರತೀಗಿ ಹೋಗಿ ಒಂದು ತಂಬಿಗಿ ನೀರ ತರ್ರಿ."

ಹಳ್ಳ ಅಲ್ಲಿಂದ ಎರಡು ಫರ್ಲಾಂಗ್. ಮಡಿವಾಳಯ್ಯನವರ ಹೆಗಲಲ್ಲೇ ತುಂಬಿದ ನೀರಿನ ಚೀಲ ತೂಗುತ್ತಿತ್ತು. ಚಾಚಾ ಅದನ್ನೂ ನೋಡಿದರು, ನನ್ನ ಮುಖವನ್ನೂ ನೋಡಿದರು, ತಂಬಿಗೆ ಎತ್ತಿಕೊಂಡು ಹೋದರು.

ಪಂಚನಾಮೆಯಲ್ಲಿ ನನ್ನ ಹೆಸರೊಂದೇ ಬಂತು. ತೀರ್ಮಾನವಾಗುವ ತನಕ ತೊಲೆಯನ್ನು ಮುಟ್ಟಬಾರದು; ಸೋಮವಾರ ರೇಂಜ್ ಆಫೀಸಿಗೆ ಹಾಜರಾಗಬೇಕು. ನಾನು ಸಹಿ ಹಾಕಿದೆ.

ಚಾಚಾ ನೀರು ತಂದರು. ಮಡಿವಾಳಯ್ಯನವರು ಒಂದು ಹನಿ ಬಿಡದೆ ಕುಡಿದು, ಕಾಗದ ಮಡಚಿದರು.

"ನನ್ನ ಹೆಬ್ಬಟ್ಟು ಎಲ್ಲಿ ಹಚ್ಲಿ ಸಾಹೇಬ್ರ?" ಎಂದರು ಚಾಚಾ.

"ಬ್ಯಾಡ."

ಫಾರೆಸ್ಟರ್ ಸೈಕಲ್ ಹತ್ತಿ ಕಾಣದಾದರು. ಸೋಮವಾರಕ್ಕೆ ಇನ್ನೂ ನಾಲ್ಕು ದಿನವಿತ್ತು. ಹೆಡ್ಮಾಸ್ತರರಿಗೆ ಯಾವ ಮಾತಿನಿಂದ ಶುರುಮಾಡಿ ಹೇಳಲಿ ಎಂದು ಯೋಚಿಸುತ್ತಾ ನಿಂತಿದ್ದೆ. ಪಕ್ಕದಲ್ಲಿ ಚಾಚಾ ಒದ್ದೆ ಹೆಬ್ಬೆರಳನ್ನು ಇನ್ನೂ ಮುಂದೆ ಚಾಚಿಕೊಂಡೇ ನಿಂತಿದ್ದರು.